ಒಂದೇ ಟ್ರಕ್ಕಿಗೆ ಮೂರು ಫೈರಿಂಗ್ ಆರ್ಡರ್: ಯಾವುದು ಸರಿ?

ಪ್ರಶ್ನೆ: ನನ್ನ ಬಳಿ 1974ರ ಫೋರ್ಡ್ ಎಫ್-100 ಟ್ರಕ್ ಇದೆ. ಅದರದು 390 ವಿ8 ಎಂಜಿನ್, ಅಂದರೆ ಎರಡು ಸಾಲುಗಳಲ್ಲಿ ಎಂಟು ಸಿಲಿಂಡರುಗಳಿರುವ 390 ಘನ ಇಂಚಿನ ಎಂಜಿನ್. ಪ್ಲಗ್ ವೈರುಗಳು ಹಳತಾಗಿದ್ದುದರಿಂದ ಎಲ್ಲವನ್ನೂ ಒಟ್ಟಿಗೇ ಕಳಚಿ, ಪ್ಲಗ್ಗುಗಳಿಗೆ ಸರದಿಯಂತೆ ವಿದ್ಯುತ್ ಹಂಚುವ ಡಿಸ್ಟ್ರಿಬ್ಯೂಟರಿನ ಕ್ಯಾಪನ್ನೂ ಸೇರಿಸಿ ಹೊಸದನ್ನು ಹಾಕಿದೆ. 1973ರಿಂದ 1979ರವರೆಗಿನ ಎಫ್ ಸರಣಿಯ ಟ್ರಕ್ಕುಗಳಿಗಾಗಿ ಇರುವ ಒಂದು ರಿಪೇರಿ ಪುಸ್ತಕದಲ್ಲಿ 1-3-7-2-6-5-4-8 ಎಂಬ ಫೈರಿಂಗ್ ಆರ್ಡರ್ (ಸಿಲಿಂಡರುಗಳಲ್ಲಿ ಕಿಡಿ ಹಾರುವ ಸರದಿ) ಸಿಕ್ಕಿತು, ಅದರಂತೆಯೇ ಜೋಡಿಸಿದೆ. ಎಂಜಿನ್ ಸ್ಟಾರ್ಟ್ ಆಗುತ್ತದೆ, ಆದರೆ ವಿಪರೀತ ನಡುಗುತ್ತದೆ, ಎಳೆಯುವ ಶಕ್ತಿಯೇ ಇಲ್ಲ, ಸೈಲೆನ್ಸರಿನಲ್ಲಿ ಸಿಡಿಯುವ ಸದ್ದು ಬರುತ್ತದೆ. ಪರಿಚಯದ ಮೆಕ್ಯಾನಿಕ್ ಒಬ್ಬರು ವಿ8 ಅಂದರೆ 1-8-4-3-6-5-7-2 ಎನ್ನುತ್ತಾರೆ. ಇನ್ನೊಂದು ಪಟ್ಟಿಯಲ್ಲಿ 1-5-4-2-6-3-7-8 ಎಂದಿದೆ. ಈ ಮೂರರಲ್ಲಿ ಯಾವುದು ಸರಿ? ಒಂದೇ ಬಗೆಯ ಎಂಜಿನ್ನಿಗೆ ಇಷ್ಟು ಆರ್ಡರುಗಳು ಏಕಿವೆ?

ಉತ್ತರ: ನಿಮ್ಮ ಟ್ರಕ್ಕಿನಲ್ಲಿರುವುದು ನಿಜವಾಗಿ 390 ಆಗಿದ್ದರೆ ಸರಿಯಾದುದು ಮೂರನೆಯದು, ಅಂದರೆ 1-5-4-2-6-3-7-8. ನೀವು ಜೋಡಿಸಿರುವ ಆರ್ಡರ್ ಕೂಡ ಫೋರ್ಡ್ ಕಂಪನಿಯದೇ, ಆದರೆ ಬೇರೆ ಎಂಜಿನ್ನಿನದು. ಮೆಕ್ಯಾನಿಕ್ ಹೇಳಿದ್ದು ಷೆವ್ರೊಲೆ ಎಂಜಿನ್ನಿನದು. ವಿಚಿತ್ರವೆಂದರೆ ಅದಕ್ಕೂ ನಿಮ್ಮ 390ರ ಆರ್ಡರಿಗೂ ವಾಸ್ತವದಲ್ಲಿ ವ್ಯತ್ಯಾಸವೇ ಇಲ್ಲ. ಹಾಗಿದ್ದರೂ ಆ ಅಂಕೆಗಳನ್ನು ನೇರವಾಗಿ ಫೋರ್ಡ್ ಎಂಜಿನ್ನಿನ ಮೇಲೆ ಹಾಕಿದರೆ ಅದು ಸರಿಯಾಗಿ ಓಡುವುದಿಲ್ಲ. ಈ ಗೋಜಲನ್ನು ಬಿಡಿಸಬೇಕಾದರೆ ಸಿಲಿಂಡರಿಗೆ ಅಂಕೆ ಕೊಡುವ ಕ್ರಮ ಮತ್ತು ಕಿಡಿ ಹಾರುವ ಕ್ರಮ ಎಂಬ ಎರಡು ವಿಷಯಗಳನ್ನು ಬೇರೆ ಬೇರೆಯಾಗಿ ನೋಡಬೇಕು. ಬಹುತೇಕ ತಪ್ಪು ಜೋಡಣೆಗಳು ಇವೆರಡನ್ನು ಒಂದೇ ಎಂದು ತಿಳಿಯುವುದರಿಂದ ಆಗುತ್ತವೆ.

ಮೊದಲು ಅಂಕೆಗಳ ವಿಚಾರ. ಫೋರ್ಡ್ ವಿ8 ಎಂಜಿನ್ನುಗಳಲ್ಲಿ ಬಲಸಾಲಿನ ಮುಂದಿನ ಸಿಲಿಂಡರ್ 1, ಅಲ್ಲಿಂದ ಹಿಂದಕ್ಕೆ 2, 3, 4. ನಂತರ ಎಡಸಾಲಿನ ಮುಂದಿನದು 5, ಅಲ್ಲಿಂದ ಹಿಂದಕ್ಕೆ 6, 7, 8. ಷೆವ್ರೊಲೆಯಲ್ಲಿ ಹಾಗಲ್ಲ: ಎಡಸಾಲಿನಲ್ಲಿ ಮುಂದಿನಿಂದ 1, 3, 5, 7 ಮತ್ತು ಬಲಸಾಲಿನಲ್ಲಿ 2, 4, 6, 8. ಒಂದು ಬೀದಿಯಲ್ಲಿ ಮನೆಗಳಿಗೆ ಒಂದು ಬದಿ ಮುಗಿಸಿ ಇನ್ನೊಂದು ಬದಿಗೆ ಸಾಲಾಗಿ ನಂಬರ್ ಕೊಡುವುದಕ್ಕೂ, ಇನ್ನೊಂದು ಬೀದಿಯಲ್ಲಿ ಒಂದು ಬದಿಗೆ ಬೆಸ ಸಂಖ್ಯೆ, ಎದುರು ಬದಿಗೆ ಸಮ ಸಂಖ್ಯೆ ಕೊಡುವುದಕ್ಕೂ ಇರುವಷ್ಟೇ ವ್ಯತ್ಯಾಸ ಇದು. ಬಲ, ಎಡ ಎಂದರೆ ಟ್ರಕ್ಕಿನ ಸೀಟಿನಲ್ಲಿ ಮುಂದಕ್ಕೆ ಮುಖ ಮಾಡಿ ಕುಳಿತವರ ಬಲ, ಎಡ. ಬಾನೆಟ್ ಎತ್ತಿ ರೇಡಿಯೇಟರಿನ ಕಡೆಯಿಂದ ಬಗ್ಗಿ ನೋಡುವವರಿಗೆ ಇದು ತಿರುಗುಮುರುಗಾಗಿ ಕಾಣುತ್ತದೆ. ಅಮೆರಿಕದ ಪುಸ್ತಕಗಳು ಎಡಬಲದ ಬದಲು ಡ್ರೈವರ್ ಬದಿ, ಪ್ಯಾಸೆಂಜರ್ ಬದಿ ಎಂದು ಬರೆಯುವುದುಂಟು. ಅಲ್ಲಿ ಸ್ಟೀರಿಂಗ್ ಎಡಕ್ಕಿರುವುದರಿಂದ ಡ್ರೈವರ್ ಬದಿ ಎಂದರೆ ಎಡಸಾಲು ಎಂದೇ ಓದಿಕೊಳ್ಳಬೇಕು.

ಕಂಪನಿಗಳು ಯಾವ ಸಾಲಿನಿಂದ ಎಣಿಕೆ ಆರಂಭಿಸಿದವು ಎಂಬುದಕ್ಕೆ ಎಂಜಿನ್ನಿನ ಮೈಯಲ್ಲೇ ಒಂದು ಗುರುತು ಸಿಗುತ್ತದೆ. ವಿ8ರಲ್ಲಿ ಎದುರುಬದುರಿನ ಎರಡು ಸಿಲಿಂಡರುಗಳ ಕನೆಕ್ಟಿಂಗ್ ರಾಡುಗಳು ಕ್ರ್ಯಾಂಕ್‌ಶಾಫ್ಟಿನ ಒಂದೇ ಪಿನ್ನಿನ ಮೇಲೆ ಅಕ್ಕಪಕ್ಕ ಕೂರುತ್ತವೆ. ಆದ್ದರಿಂದ ಎರಡು ಸಾಲುಗಳು ಸರಿಸಮವಾಗಿ ನಿಲ್ಲಲಾರವು. ಒಂದು ಸಾಲು ರಾಡಿನ ದಪ್ಪದಷ್ಟು ಮುಂದಕ್ಕೆ ಸರಿದಿರುತ್ತದೆ. ನಿಮ್ಮ ಫೋರ್ಡಿನಲ್ಲಿ ಬಲಸಾಲು ಮುಂದಿದೆ, ಷೆವ್ರೊಲೆಯ ಸ್ಮಾಲ್ ಬ್ಲಾಕ್ ಎಂಬ ವಿ8 ಎಂಜಿನ್ನಿನಲ್ಲಿ ಎಡಸಾಲು ಮುಂದಿದೆ. ಎರಡರಲ್ಲೂ ಎಲ್ಲಕ್ಕಿಂತ ಮುಂದಿರುವ ಸಿಲಿಂಡರಿಗೇ 1 ಎಂಬ ಅಂಕೆ ಬಿದ್ದಿದೆ.

ಈಗ ಒಂದು ಸಣ್ಣ ಲೆಕ್ಕ ಮಾಡಿ. ಫೋರ್ಡಿನ 1, 2, 3, 4ನ್ನು ಷೆವ್ರೊಲೆ ಲೆಕ್ಕದ 2, 4, 6, 8 ಎಂದೂ, ಫೋರ್ಡಿನ 5, 6, 7, 8ನ್ನು 1, 3, 5, 7 ಎಂದೂ ಬದಲಾಯಿಸಿ ನಿಮ್ಮ 390ರ ಆರ್ಡರನ್ನು ಮತ್ತೆ ಬರೆಯಿರಿ. 1-5-4-2-6-3-7-8 ಎಂಬುದು 2-1-8-4-3-6-5-7 ಆಗುತ್ತದೆ. ಇದು ಕೊನೆಯಿಲ್ಲದೆ ಸುತ್ತುವ ಕ್ರಮವಾದ್ದರಿಂದ 1ರಿಂದ ಆರಂಭಿಸಿ ಓದಿದರೆ 1-8-4-3-6-5-7-2 ಸಿಗುತ್ತದೆ, ಅಂದರೆ ನಿಮ್ಮ ಮೆಕ್ಯಾನಿಕ್ ಹೇಳಿದ ಷೆವ್ರೊಲೆ ಆರ್ಡರೇ. ಲೋಹದ ಮಟ್ಟದಲ್ಲಿ ನೋಡಿದರೆ ಎರಡೂ ಎಂಜಿನ್ನುಗಳಲ್ಲಿ ಕಿಡಿ ಒಂದೇ ದಾರಿಯಲ್ಲಿ ಸುತ್ತುತ್ತದೆ, ಹೆಸರಿಡುವುದರಲ್ಲಷ್ಟೇ ಭೇದ. ಆ ಮೆಕ್ಯಾನಿಕ್ ಷೆವ್ರೊಲೆಯ ಅಂಕೆಗಳನ್ನೇ ಮನಸ್ಸಿನಲ್ಲಿಟ್ಟುಕೊಂಡು ನಿಮ್ಮ ಎಂಜಿನ್ನಿಗೆ ತಾನೇ ಕೈಹಾಕಿದರೆ, ಬಹುಶಃ ಸರಿಯಾಗಿಯೇ ಜೋಡಿಸಿಯಾನು. ಅವನ ಅಂಕೆಗಳನ್ನು ಕೇಳಿ ಫೋರ್ಡಿನ ಎಣಿಕೆಯಂತೆ ನೀವು ಜೋಡಿಸಿದರೆ ಮಾತ್ರ ಕೆಡುತ್ತದೆ.

ನೀವು ಪುಸ್ತಕದಿಂದ ತೆಗೆದುಕೊಂಡ 1-3-7-2-6-5-4-8 ಕಥೆ ಬೇರೆ. 1973ರಿಂದ 1979ರವರೆಗೆ ಎಫ್ ಸರಣಿಯ ಟ್ರಕ್ಕುಗಳ ಮೈಕಟ್ಟು ಒಂದೇ ಪೀಳಿಗೆಯದಾದ್ದರಿಂದ ರಿಪೇರಿ ಪುಸ್ತಕಗಳು ಆ ಏಳು ವರ್ಷಗಳನ್ನು ಒಟ್ಟಿಗೆ ಸೇರಿಸುತ್ತವೆ. ಆದರೆ ಬಾನೆಟ್ಟಿನ ಕೆಳಗಿದ್ದ ಎಂಜಿನ್ನು ನಡುವೆ ಬದಲಾಯಿತು. ಎಫ್‌ಇ ಎಂದು ಕರೆಯುವ ಕುಟುಂಬಕ್ಕೆ ಸೇರಿದ 360 ಮತ್ತು 390 ಎಂಜಿನ್ನುಗಳು 1976ರವರೆಗೆ ಇದ್ದವು. 1977ರಿಂದ ಅವುಗಳ ಜಾಗಕ್ಕೆ 351ಎಂ ಮತ್ತು 400 ಬಂದವು. ನೀವು ಕಂಡ ಆರ್ಡರ್ ಈ ನಂತರದ ಎಂಜಿನ್ನುಗಳದು. ನಿಮ್ಮ ಪುಟದಲ್ಲಿ ಚಿತ್ರದ ಕೆಳಗೆ ಎಂಜಿನ್ನಿನ ಅಳತೆ ಬರೆದಿರಲೇಬೇಕು. ಟ್ರಕ್ಕಿನ ಮಾಡೆಲ್ ನೋಡಿ ಫೈರಿಂಗ್ ಆರ್ಡರ್ ಹುಡುಕುವುದು ಸರಿಯಾದ ಪದ್ಧತಿಯಲ್ಲ. ಎಂಜಿನ್ ಯಾವುದೆಂದು ಮೊದಲು ಖಚಿತಪಡಿಸಿಕೊಳ್ಳಬೇಕು. ಇಷ್ಟು ಹಳೆಯ ಟ್ರಕ್ಕಿನಲ್ಲಿ ಎಂಜಿನ್ ಬದಲಾಗಿರುವ ಸಂಭವವೂ ಸಾಕಷ್ಟಿದೆ. ಎಫ್‌ಇಯನ್ನು ಗುರುತಿಸುವುದು ಸುಲಭ: ಮಿಶ್ರಣವನ್ನು ಸಿಲಿಂಡರುಗಳಿಗೆ ಒಯ್ಯುವ ಅದರ ಇನ್‌ಟೇಕ್ ಮ್ಯಾನಿಫೋಲ್ಡ್ ವಿಪರೀತ ಅಗಲವಾಗಿದ್ದು ಎರಡೂ ಬದಿಯ ವಾಲ್ವ್ ಕವರುಗಳ ಅಡಿಗೆ ಹೋಗುತ್ತದೆ, ಪುಶ್‌ರಾಡುಗಳು ಆ ಮ್ಯಾನಿಫೋಲ್ಡಿನ ರಂಧ್ರಗಳ ಮೂಲಕವೇ ಹಾಯ್ದುಹೋಗುತ್ತವೆ, ಮತ್ತು ಪ್ರತಿ ವಾಲ್ವ್ ಕವರಿಗೆ ಐದು ಬೋಲ್ಟುಗಳಿರುತ್ತವೆ.

ಇನ್ನು ಮುಖ್ಯ ಪ್ರಶ್ನೆ: ಒಂದೇ ಕಂಪನಿ, ಒಂದೇ ಎಣಿಕೆ, ಆದರೂ ಎರಡು ಆರ್ಡರ್ ಏಕೆ? ಇದಕ್ಕೆ ಉತ್ತರ ಕ್ರ್ಯಾಂಕ್‌ಶಾಫ್ಟ್ ಮತ್ತು ಕ್ಯಾಮ್‌ಶಾಫ್ಟುಗಳ ನಡುವಿನ ಕೆಲಸದ ಹಂಚಿಕೆಯಲ್ಲಿದೆ. ನಾಲ್ಕು ಸ್ಟ್ರೋಕಿನ ಎಂಜಿನ್ನಿನಲ್ಲಿ ಒಂದು ಸಿಲಿಂಡರಿನ ಪೂರ್ಣ ಚಕ್ರಕ್ಕೆ ಕ್ರ್ಯಾಂಕ್ ಎರಡು ಸುತ್ತು, ಅಂದರೆ 720 ಡಿಗ್ರಿ ತಿರುಗಬೇಕು; ಎಂಟು ಸಿಲಿಂಡರಿಗೆ ಹಂಚಿದರೆ ಪ್ರತಿ 90 ಡಿಗ್ರಿಗೆ ಒಂದು ಕಿಡಿ. ಕ್ರ್ಯಾಂಕಿನ ಆಕಾರದಿಂದಾಗಿ ಎಂಟು ಪಿಸ್ಟನ್ನುಗಳು ನಾಲ್ಕು ಜೋಡಿಗಳಾಗುತ್ತವೆ, ಪ್ರತಿ ಜೋಡಿಯ ಎರಡು ಪಿಸ್ಟನ್ನುಗಳು ಒಂದೇ ಗಳಿಗೆಯಲ್ಲಿ ಮೇಲ್ತುದಿಗೆ ಬರುತ್ತವೆ. ನಿಮ್ಮ ಎಂಜಿನ್ನಿನಲ್ಲಿ ಆ ಜೋಡಿಗಳು 1 ಮತ್ತು 6, 5 ಮತ್ತು 3, 4 ಮತ್ತು 7, 2 ಮತ್ತು 8. ಆರ್ಡರನ್ನು ನಡುವೆ ಕತ್ತರಿಸಿ 1-5-4-2ರ ಕೆಳಗೆ 6-3-7-8 ಬರೆದರೆ ಜೋಡಿಗಳು ತಾವಾಗಿಯೇ ಒಂದರ ಕೆಳಗೊಂದು ಬಂದು ನಿಲ್ಲುತ್ತವೆ. ಒಂದು ಜೋಡಿಯಲ್ಲಿ ಒಂದು ಪಿಸ್ಟನ್ ಮಿಶ್ರಣವನ್ನು ಒತ್ತಿ ಮೇಲೆ ಬಂದಾಗ ಇನ್ನೊಂದು ಹೊಗೆಯನ್ನು ಹೊರದೂಡಿ ಮೇಲೆ ಬಂದಿರುತ್ತದೆ. ಯಾವುದು ಒತ್ತುವುದು, ಯಾವುದು ಹೊರದೂಡುವುದು ಎಂಬುದನ್ನು ಕ್ರ್ಯಾಂಕ್ ನಿರ್ಧರಿಸಲಾರದು. ಅದು ವಾಲ್ವುಗಳನ್ನು ತೆರೆದು ಮುಚ್ಚುವ ಕ್ಯಾಮ್‌ಶಾಫ್ಟಿನ ತೀರ್ಮಾನ. ಅಂದರೆ ಬ್ಲಾಕನ್ನೂ ಕ್ರ್ಯಾಂಕನ್ನೂ ಮುಟ್ಟದೆ, ಕ್ಯಾಮಿನ ಮೇಲಿನ ಉಬ್ಬುಗಳನ್ನು ಬೇರೆ ಕ್ರಮದಲ್ಲಿ ಕಡೆದರೆ ಫೈರಿಂಗ್ ಆರ್ಡರ್ ಬದಲಾಗುತ್ತದೆ. 1ನೆಯ ಸಿಲಿಂಡರಿನಿಂದ ಆರಂಭಿಸಿದರೆ ಉಳಿದ ಮೂರು ಜೋಡಿಗಳಲ್ಲಿ ತಲಾ ಎರಡು ಆಯ್ಕೆ. ಅದೇ ಕ್ರ್ಯಾಂಕಿಗೆ ಒಟ್ಟು ಎಂಟು ಆರ್ಡರುಗಳು ಸಾಧ್ಯ.

ಫೋರ್ಡಿನ ಹಳೆಯ ಎಂಜಿನ್ನುಗಳನ್ನು ಸಾಲಾಗಿ ಇಟ್ಟು ನೋಡಿದರೆ ಇದು ಸ್ಪಷ್ಟವಾಗುತ್ತದೆ. 1932ರಲ್ಲಿ ಬಂದ ಫ್ಲ್ಯಾಟ್‌ಹೆಡ್ ವಿ8ರ ಆರ್ಡರ್ 1-5-4-8-6-3-7-2. ನಿಮ್ಮ 390ರೊಂದಿಗೆ ಹೋಲಿಸಿದರೆ 2 ಮತ್ತು 8 ಮಾತ್ರ ಜಾಗ ಬದಲಿಸಿಕೊಂಡಿವೆ, ಅವು ಒಂದು ಜೋಡಿ. 351ಎಂ ಆರ್ಡರಿನಲ್ಲಿ 5ರ ಜಾಗಕ್ಕೆ 3, 4ರ ಜಾಗಕ್ಕೆ 7 ಬಂದಿವೆ, ಅವೂ ಜೋಡಿಗಳೇ. ಜೋಡಿಯನ್ನು ಮುರಿದು ಬದಲಿಸಿದ ಉದಾಹರಣೆ ಇವುಗಳಲ್ಲಿ ಇಲ್ಲ, ಇರಲೂ ಸಾಧ್ಯವಿಲ್ಲ. ಈ ಕಾರಣದಿಂದಲೇ ಯಾರಾದರೂ ಎಂಜಿನ್ ಬಿಚ್ಚಿ ಬೇರೆ ಕ್ಯಾಮ್ ಹಾಕಿದ್ದಾರೆಂದು ಗೊತ್ತಾದರೆ ಮ್ಯಾನಿಫೋಲ್ಡಿನ ಮೇಲೆ ಎರಕದಲ್ಲಿ ಮೂಡಿಸಿರುವ ಅಂಕೆಗಳನ್ನು ಕೂಡ ಕಣ್ಣುಮುಚ್ಚಿ ನಂಬಬಾರದು. ಫೋರ್ಡಿನದೇ ಆದ 302 ಎಂಜಿನ್ನಿನಲ್ಲಿ ಈ ತೊಂದರೆ ಹೆಚ್ಚು, ಏಕೆಂದರೆ ಅದು ಎರಡೂ ಆರ್ಡರಿನ ಕ್ಯಾಮುಗಳೊಂದಿಗೆ ಬಂದಿದೆ. ಎಫ್‌ಇಯಲ್ಲಿ ಅಂಥ ಗೊಂದಲ ಅಪರೂಪ.

351ಎಂ ಆರ್ಡರನ್ನು ಮೇಲಿನ ಲೆಕ್ಕದಂತೆಯೇ ಷೆವ್ರೊಲೆಯ ಅಂಕೆಗಳಿಗೆ ಬದಲಿಸಿದರೆ 1-8-7-2-6-5-4-3 ಬರುತ್ತದೆ. 1997ರಿಂದ ಬಂದ ಷೆವ್ರೊಲೆಯ ಎಲ್‌ಎಸ್ ಎಂಜಿನ್ನುಗಳ ಆರ್ಡರ್ ಅದೇ. ಪರಸ್ಪರ ಸ್ಪರ್ಧಿಗಳಾದ ಎರಡು ಕಂಪನಿಗಳು ಬೇರೆ ಬೇರೆ ಕಾಲದಲ್ಲಿ ಹಳೆಯ ಕ್ರಮವನ್ನು ಬಿಟ್ಟು ಒಂದೇ ಹೊಸ ಕ್ರಮಕ್ಕೆ ಬಂದು ಸೇರಿದ್ದು ನನಗೆ ಯಾವಾಗಲೂ ಕುತೂಹಲ ಹುಟ್ಟಿಸುವ ಸಂಗತಿ. ಹಳೆಯ ಕ್ರಮದಲ್ಲಿ ಎಡಸಾಲಿನ ಹಿಂತುದಿಯ ಎರಡು ಅಕ್ಕಪಕ್ಕದ ಸಿಲಿಂಡರುಗಳು ಒಂದರ ಹಿಂದೊಂದು ಉರಿಯುತ್ತವೆ. ಹೊಸ ಕ್ರಮದಲ್ಲಿ ಅಂಥ ಅಕ್ಕಪಕ್ಕದ ಜೊತೆ ಅದೇ ಸಾಲಿನ ಮುಂತುದಿಗೆ, ನೀರಿನ ಪಂಪಿನ ಸಮೀಪಕ್ಕೆ ಸರಿಯುತ್ತದೆ.

ಈಗ ನಿಮ್ಮ ಎಂಜಿನ್ನಿನೊಳಗೆ ಏನಾಗುತ್ತಿದೆ ಎಂದು ನೋಡೋಣ. ನೀವು ಹಾಕಿರುವ ಕ್ರಮದಲ್ಲಿ 1, 2, 6, 8 ಸಿಲಿಂಡರುಗಳಿಗೆ ಕಿಡಿ ಸರಿಯಾದ ಹೊತ್ತಿಗೇ ಸಿಗುತ್ತಿದೆ, ಹಾಗಾಗಿ ಎಂಜಿನ್ ಸ್ಟಾರ್ಟ್ ಆಗುತ್ತದೆ. 3, 5, 4, 7 ಸಿಲಿಂಡರುಗಳಿಗೆ ಮಾತ್ರ ಅವುಗಳ ಜೋಡಿಯ ಸರದಿಯಲ್ಲಿ, ಅಂದರೆ ಸರಿಯಾಗಿ ಒಂದು ಸುತ್ತು ತಪ್ಪಿ ಕಿಡಿ ಬರುತ್ತಿದೆ. ಅಲ್ಲಿ ಮಿಶ್ರಣವನ್ನು ಒತ್ತಿದಾಗ ಕಿಡಿ ಇಲ್ಲ. ಉರಿಯದ ಪೆಟ್ರೋಲ್ ಆವಿಯನ್ನು ಪಿಸ್ಟನ್ ಎಕ್ಸಾಸ್ಟ್ ವಾಲ್ವಿನಿಂದ ಹೊರಗೆ ತಳ್ಳುತ್ತಿರುವಾಗ, ಆ ಸ್ಟ್ರೋಕಿನ ಕೊನೆಯಲ್ಲಿ ಕಿಡಿ ಹಾರುತ್ತದೆ. ವಾಲ್ವ್ ಆಗ ತೆರೆದೇ ಇರುವುದರಿಂದ ಉಳಿದ ಆವಿ ಹೊತ್ತಿಕೊಂಡು ಜ್ವಾಲೆ ಸೈಲೆನ್ಸರಿನ ಕಡೆಗೆ ಓಡುತ್ತದೆ. ನೀವು ಕೇಳುತ್ತಿರುವ ಸಿಡಿತ ಅದೇ. ಆ ಕ್ಷಣದಲ್ಲಿ ಇನ್‌ಟೇಕ್ ವಾಲ್ವ್ ಕೂಡ ತೆರೆಯಲಾರಂಭಿಸುವುದರಿಂದ ಆಗೊಮ್ಮೆ ಈಗೊಮ್ಮೆ ಕಾರ್ಬುರೇಟರಿನಿಂದಲೂ ಸದ್ದು ಬಂದೀತು.

ಇದನ್ನು ನನ್ನ ಮಾತಿನ ಮೇಲೆ ನಂಬಬೇಕಿಲ್ಲ, ಪರೀಕ್ಷಿಸಿ ನೋಡಬಹುದು. ಎಂಜಿನ್ ಪೂರ್ತಿ ತಣ್ಣಗಿರುವಾಗ ಸ್ಟಾರ್ಟ್ ಮಾಡಿ, ಅರ್ಧ ನಿಮಿಷದಷ್ಟು ಓಡಿಸಿ ನಿಲ್ಲಿಸಿ, ಎಕ್ಸಾಸ್ಟ್ ಮ್ಯಾನಿಫೋಲ್ಡ್ ಪ್ರತಿ ಸಿಲಿಂಡರಿಗೆ ಸೇರುವ ಜಾಗದ ಬಿಸಿಯನ್ನು ಇನ್‌ಫ್ರಾರೆಡ್ ಥರ್ಮಾಮೀಟರಿನಿಂದ ಅಳೆಯಿರಿ. ಬಲಸಾಲಿನ ಹಿಂದಿನ ಎರಡು, ಎಡಸಾಲಿನ ಮೊದಲನೆಯದು ಮತ್ತು ಮೂರನೆಯದು ಉಳಿದವುಗಳಿಗಿಂತ ತಣ್ಣಗಿದ್ದರೆ ಮೇಲಿನ ವಿವರಣೆ ಸರಿ. ಷೆವ್ರೊಲೆಯ ಅಂಕೆಗಳನ್ನು ಫೋರ್ಡಿನ ಎಣಿಕೆಯ ಮೇಲೆ ಹಾಕಿದವರ ಎಂಜಿನ್ನಿನಲ್ಲಿ ಚಿತ್ರ ಬೇರೆಯಾಗಿರುತ್ತದೆ. ಅಲ್ಲಿ 1, 4, 6, 7 ಕೆಲಸ ಮಾಡಿ 2, 3, 5, 8 ತಣ್ಣಗಿರುತ್ತವೆ. ಜೊತೆಗೆ 3ನೆಯ ಸಿಲಿಂಡರಿಗೆ ಕಿಡಿ ಅರ್ಧ ಸುತ್ತು ಮೊದಲೇ, ಇನ್‌ಟೇಕ್ ವಾಲ್ವ್ ಇನ್ನೂ ಮುಚ್ಚದಿರುವಾಗ ಬರುವುದರಿಂದ ಕಾರ್ಬುರೇಟರಿನಿಂದ ಜೋರಾಗಿ ಸಿಡಿಯುತ್ತದೆ. ಕ್ರಮ ಸರಿಯಿದ್ದು, ಡಿಸ್ಟ್ರಿಬ್ಯೂಟರಿನೊಳಗೆ ಸುತ್ತುತ್ತಾ ಒಂದೊಂದೇ ವೈರಿಗೆ ವಿದ್ಯುತ್ ಕೊಡುವ ರೋಟರ್ ತಿರುಗುವ ದಿಕ್ಕನ್ನು ತಪ್ಪಾಗಿ ತಿಳಿದಿದ್ದರೆ 1 ಮತ್ತು 6 ಮಾತ್ರ ಸರಿಹೋಗುತ್ತವೆ. ಅಂಥ ಎಂಜಿನ್ ಓಡುವುದೇ ಇಲ್ಲ ಎನ್ನಬಹುದು. ನಿಮ್ಮದು ಕುಂಟುತ್ತಲಾದರೂ ಓಡುತ್ತಿರುವುದರಿಂದ ದಿಕ್ಕನ್ನು ನೀವು ಸರಿಯಾಗಿಯೇ ಹಿಡಿದಿದ್ದೀರಿ.

ಹಾಗಾಗಿ ದುರಸ್ತಿ ಸುಲಭ. ಡಿಸ್ಟ್ರಿಬ್ಯೂಟರನ್ನು ಮುಟ್ಟಬೇಡಿ, ಟೈಮಿಂಗ್ ತಿರುಗಿಸಬೇಡಿ. ಕ್ಯಾಪಿನ ಮೇಲೆ 3ರ ಮತ್ತು 5ರ ವೈರುಗಳನ್ನು ಅದಲುಬದಲು ಮಾಡಿ, ಹಾಗೆಯೇ 4ರ ಮತ್ತು 7ರ ವೈರುಗಳನ್ನು ಅದಲುಬದಲು ಮಾಡಿ. ಇಷ್ಟಕ್ಕೇ ಆರ್ಡರ್ 1-5-4-2-6-3-7-8 ಆಗುತ್ತದೆ. ಈ ನಾಲ್ಕು ವೈರುಗಳಲ್ಲಿ ಕೆಲವು ಉದ್ದದಲ್ಲಿ ಸಾಲದೆ ಹೋಗಬಹುದು. ಆಗ ಕ್ಯಾಪಿನ ತುದಿಯನ್ನು ಹಾಗೇ ಬಿಟ್ಟು ಪ್ಲಗ್ಗಿನ ತುದಿಯಲ್ಲಿ ಬದಲಿಸಿದರೂ ಫಲ ಒಂದೇ.

ಇಷ್ಟು ಮಾಡಿದ ಮೇಲೂ ಸರಿಹೋಗದಿದ್ದರೆ ಬುಡದಿಂದ ನೋಡಬೇಕಾಗುತ್ತದೆ. ಇಗ್ನಿಷನ್ ನಿಷ್ಕ್ರಿಯಗೊಳಿಸಿ, 1ನೆಯ ಪ್ಲಗ್ ತೆಗೆದು, ರಂಧ್ರಕ್ಕೆ ಬೆರಳನ್ನು ಒತ್ತಿಹಿಡಿದು ಎಂಜಿನ್ನನ್ನು ಅದರ ಸಹಜ ದಿಕ್ಕಿನಲ್ಲಿ, ಎಂದರೆ ಮುಂದಿನಿಂದ ನೋಡಿದಾಗ ಗಡಿಯಾರದ ಮುಳ್ಳಿನ ದಿಕ್ಕಿನಲ್ಲಿ, ನಿಧಾನವಾಗಿ ತಿರುಗಿಸಿ. ಬೆರಳನ್ನು ಗಾಳಿ ಹೊರಕ್ಕೆ ತಳ್ಳಿದರೆ ಅದು ಕಂಪ್ರೆಷನ್ ಸ್ಟ್ರೋಕ್. ಅಲ್ಲಿಂದ ಕ್ರ್ಯಾಂಕಿನ ಮುಂತುದಿಯ ಚಕ್ರವಾದ ಡ್ಯಾಂಪರ್ ಮೇಲಿನ ಸೊನ್ನೆಯ ಗುರುತು ಪಕ್ಕದ ಮುಳ್ಳಿಗೆ ಸೇರುವವರೆಗೆ ತಿರುಗಿಸಿ ನಿಲ್ಲಿಸಿ. ಗಾಳಿಯ ಒತ್ತಡವನ್ನು ನೋಡದೆ ಗುರುತನ್ನಷ್ಟೇ ಸೇರಿಸಿದರೆ ಎಕ್ಸಾಸ್ಟಿನ ಕೊನೆಯಲ್ಲಿ ನಿಂತಿರುವ ಸಾಧ್ಯತೆ ಅರ್ಧಕ್ಕರ್ಧ. ಆಗ ರೋಟರ್ 6ರ ಕಡೆಗೆ ತೋರಿಸುತ್ತದೆ. ಹಳೆಯ ಡ್ಯಾಂಪರುಗಳಲ್ಲಿ ಒಳ ಮತ್ತು ಹೊರ ಉಂಗುರಗಳ ನಡುವಿನ ರಬ್ಬರ್ ಸಡಿಲವಾಗಿ ಗುರುತೇ ಜಾರಿರುವುದೂ ಉಂಟು, ಅನುಮಾನ ಬಂದರೆ ಪ್ಲಗ್ ರಂಧ್ರದಲ್ಲಿ ಪಿಸ್ಟನ್ ಸ್ಟಾಪ್ (ಪಿಸ್ಟನ್ನನ್ನು ತಡೆದು ನಿಲ್ಲಿಸುವ ಸಲಕರಣೆ) ಹಾಕಿ ನಿಜವಾದ ಮೇಲ್ತುದಿಯನ್ನು ಕಂಡುಕೊಳ್ಳಿ. ಈಗ ಕ್ಯಾಪ್ ತೆಗೆದಾಗ ರೋಟರ್ ಯಾವ ಟರ್ಮಿನಲ್ಲಿನ ಕಡೆ ತೋರಿಸುತ್ತದೆಯೋ ಅದೇ 1. ಕ್ಯಾಪಿನ ಮೇಲೆ 1 ಎಂದು ಬೇರೆಡೆ ಗುರುತಿದ್ದರೂ ಅದಕ್ಕೆ ಬೆಲೆ ಕೊಡಬೇಕಿಲ್ಲ; ಡಿಸ್ಟ್ರಿಬ್ಯೂಟರನ್ನು ಹಿಂದೆ ಯಾರೋ ಹಲ್ಲು ಬದಲಿಸಿ ಕೂರಿಸಿರಬಹುದು, ಎಂಜಿನ್ನಿಗೆ ಅದರಿಂದ ಬಾಧೆಯಿಲ್ಲ. ಅಲ್ಲಿಂದ ಮುಂದಿನ ಏಳು ವೈರುಗಳನ್ನು ಮೇಲಿನಿಂದ ನೋಡಿದಾಗ ಗಡಿಯಾರಕ್ಕೆ ವಿರುದ್ಧ ದಿಕ್ಕಿನಲ್ಲಿ ಹಾಕುತ್ತಾ ಹೋಗಿ. ಎಫ್‌ಇಯ ರೋಟರ್ ಆ ದಿಕ್ಕಿನಲ್ಲಿ ತಿರುಗುತ್ತದೆ. ಷೆವ್ರೊಲೆಯ ಸ್ಮಾಲ್ ಬ್ಲಾಕಿನದು ಗಡಿಯಾರದ ದಿಕ್ಕಿನಲ್ಲಿ ತಿರುಗುವುದರಿಂದ ಅಲ್ಲಿ ಪಳಗಿದ ಕೈ ಇಲ್ಲಿ ಎಡವುವುದುಂಟು.

ಒಂದು ವೇಳೆ ಡಿಸ್ಟ್ರಿಬ್ಯೂಟರನ್ನೇ ಹೊರತೆಗೆಯಬೇಕಾಗಿ ಬಂದರೆ, ಮತ್ತೆ ಇಳಿಸುವಾಗ ಗೇರಿನ ಹಲ್ಲುಗಳು ಓರೆಯಾಗಿರುವುದರಿಂದ ರೋಟರ್ ಸ್ವಲ್ಪ ತಿರುಗಿಕೊಂಡು ಕೂರುತ್ತದೆ ಎಂಬುದನ್ನು ನೆನಪಿಡಿ. ಅದರ ಕೆಳತುದಿ ಆಯಿಲ್ ಪಂಪನ್ನು ತಿರುಗಿಸುವ ಆರುಮೂಲೆಯ ಶಾಫ್ಟಿಗೆ ಸರಿಯಾಗಿ ಕೂತಿದೆಯೇ ಎಂದು ನೋಡದೆ ಕ್ಲ್ಯಾಂಪ್ ಬಿಗಿಯಲೇಬೇಡಿ. ಕಿಡಿ ತಪ್ಪಿದರೆ ಎಂಜಿನ್ ಕೆಮ್ಮೀತು ಅಷ್ಟೆ, ಆಯಿಲ್ ಪಂಪ್ ತಿರುಗದಿದ್ದರೆ ಬೇರಿಂಗುಗಳು ಹೋಗುತ್ತವೆ.

ವೈರುಗಳನ್ನು ಸರಿಯಾದ ಕ್ರಮದಲ್ಲಿ ಹಾಕಿದ ನಂತರ ಅವುಗಳನ್ನು ಹಾಯಿಸುವ ದಾರಿಗೂ ಗಮನ ಕೊಡಿ. ನಿಮ್ಮ ಆರ್ಡರಿನ ಕೊನೆಯಲ್ಲಿ 7ರ ಹಿಂದೆಯೇ 8 ಬರುತ್ತದೆ, ಅವೆರಡೂ ಎಡಸಾಲಿನ ಹಿಂತುದಿಯಲ್ಲಿ ಅಕ್ಕಪಕ್ಕದಲ್ಲಿವೆ. ಅವುಗಳ ವೈರುಗಳು ಉದ್ದಕ್ಕೂ ಅಂಟಿಕೊಂಡು ಹೋದರೆ 7ರ ಕಿಡಿ ಹಾರುವಾಗ 8ರ ವೈರಿನಲ್ಲೂ ವಿದ್ಯುತ್ ಪ್ರೇರಿತವಾಗಿ, ಇನ್ನೂ ಮೇಲೇರುತ್ತಿರುವ 8ರ ಪಿಸ್ಟನ್ನಿನ ಮೇಲೆ 90 ಡಿಗ್ರಿ ಮುಂಚೆಯೇ ಮಿಶ್ರಣ ಹೊತ್ತಿಕೊಳ್ಳುವ ಅಪಾಯವಿದೆ. ಕ್ಲಿಪ್ಪುಗಳಲ್ಲಿ ಇವೆರಡನ್ನು ದೂರವಿಟ್ಟು, ನಡುವೆ 5ರ ಅಥವಾ 6ರ ವೈರನ್ನು ಹಾಯಿಸಿ. ಎಲ್ಲಾದರೂ ದಾಟಲೇಬೇಕಾದರೆ ಅಡ್ಡಡ್ಡವಾಗಿ ದಾಟಿಸಿ. ಅಂದವಾಗಿ ಒಂದೇ ಕಟ್ಟಾಗಿ ಕಟ್ಟಿದ ವೈರುಗಳು ನೋಡಲು ಚೆನ್ನ, ಆದರೆ ಈ ಎಂಜಿನ್ನಿಗೆ ಒಳ್ಳೆಯದಲ್ಲ.

ಕೊನೆಯ ಪರೀಕ್ಷೆಗೆ, ವೈರಿನಲ್ಲಿ ವಿದ್ಯುತ್ ಹರಿದಾಗಲೆಲ್ಲ ಮಿನುಗುವ ಟೈಮಿಂಗ್ ಲೈಟ್ ಬಳಸಿ. 1ರ ವೈರಿಗೆ ಸಿಕ್ಕಿಸಿ ಡ್ಯಾಂಪರಿನ ಗುರುತು ಎಲ್ಲಿ ಕಾಣುತ್ತದೆ ಎಂದು ನೋಡಿ, ನಂತರ 6ರ ವೈರಿಗೆ ಸಿಕ್ಕಿಸಿ. ಇವೆರಡು ಜೋಡಿಯಾದ್ದರಿಂದ ಗುರುತು ಅದೇ ಜಾಗದಲ್ಲಿ ಕಾಣಬೇಕು. ಬೇರೆ ಬೇರೆ ಜಾಗದಲ್ಲಿ ಕಂಡರೆ ಡಿಸ್ಟ್ರಿಬ್ಯೂಟರಿನ ಬುಶ್ ಸವೆದು ಶಾಫ್ಟ್ ಅಲುಗುತ್ತಿದೆ ಎಂದು ಶಂಕಿಸಬಹುದು. ಅದನ್ನು ವೈರು ಬದಲಿಸಿ ಸರಿಪಡಿಸಲಾಗದು.

ಎಂಜಿನ್ ಸರಿಯಾಗಿ ಓಡತೊಡಗಿದ ಮೇಲೆ 3, 4, 5, 7ರ ಪ್ಲಗ್ಗುಗಳನ್ನು ತೆಗೆದು ನೋಡಿ. ಪೆಟ್ರೋಲಿನಿಂದ ತೊಯ್ದು ಕಪ್ಪಾಗಿದ್ದರೆ ಒರೆಸಿ ಒಣಗಿಸಿ ಹಾಕಿ, ಇಲ್ಲವೇ ಹೊಸದನ್ನು ಹಾಕಿ. ಆ ನಾಲ್ಕು ಸಿಲಿಂಡರುಗಳಲ್ಲಿ ಉರಿಯದ ಪೆಟ್ರೋಲ್ ಗೋಡೆಯ ಮೇಲಿನ ಆಯಿಲನ್ನು ತೊಳೆದುಕೊಂಡು ಪಿಸ್ಟನ್ ರಿಂಗುಗಳನ್ನು ದಾಟಿ ಕೆಳಗಿಳಿದಿರುತ್ತದೆ. ಆದ್ದರಿಂದ ಡಿಪ್‌ಸ್ಟಿಕ್ ಮೂಸಿ ನೋಡಿ, ಪೆಟ್ರೋಲ್ ವಾಸನೆ ಬಂದರೆ ಟ್ರಕ್ಕನ್ನು ರಸ್ತೆಗೆ ತರುವ ಮೊದಲು ಎಂಜಿನ್ ಆಯಿಲನ್ನೂ ಫಿಲ್ಟರನ್ನೂ ಬದಲಾಯಿಸಿ.